‘ಕ್ಲೀನ್’ ಅಂದವಳು ಕಂಪ್ಲಿಗೆ ಹೋದದ್ದು

ಬೆಳಿಗ್ಗೆ ಏಳೂವರೆಗೆ ಹೊಸಪೇಟೆ ಬಸ್ ನಿಲ್ದಾಣದಲ್ಲಿ ಸಂಡೂರಿನ ಬಸ್ಸು ಹತ್ತಿದೆ. ಬಟ್ಟೆಯ ಚೀಲದಲ್ಲಿ ಒಂದು ಸೀರೆ, ನೀರಿನ ಬಾಟಲಿ, ಬುತ್ತಿ, ಆಧಾರ್ ಕಾರ್ಡು ಇದ್ದವು. ಕಾರ್ಡು ತೋರಿಸಿದರೆ ಸರ್ಕಾರಿ ಬಸ್ಸಿನಲ್ಲಿ ಹೆಂಗಸರಿಗೆ ದುಡ್ಡಿಲ್ಲ. ಆದ್ದರಿಂದ ಈ ಎರಡು ದಿನಗಳಲ್ಲಿ ನನಗೆ ಖರ್ಚಾದದ್ದು ಆಟೋಕ್ಕೆ, ತಿಂಡಿಗೆ ಮತ್ತು ಚಹಾಕ್ಕೆ ಮಾತ್ರ. ಹೊರಡುವಾಗ ನಮ್ಮ ಯಜಮಾನರು ಬಾಗಿಲಲ್ಲಿ ನಿಂತು, "ಊರ ಉಸಾಬರಿ ನಿನಗ್ಯಾಕ?" ಅಂದರು. ಆರು ವರ್ಷದಿಂದ ನಾನು ಹೊರಟಾಗಲೆಲ್ಲ ಇದನ್ನೇ ಅನ್ನುತ್ತಾರೆ. ರೊಟ್ಟಿ ಚಟ್ನಿ ಕಟ್ಟಿ ಕೊಡುವವರೂ ಅವರೇ.

ಈ ಸಲ ಹೊರಟದ್ದು ಒಬ್ಬಳಿಗಾಗಿ. ಹಿಂದಿನ ಸಂಜೆ ಸಂಡೂರಿನಿಂದ ಶಾಂತಮ್ಮ ಫೋನ್ ಮಾಡಿದ್ದಳು. ನಾನು ನರ್ಸಾಗಿದ್ದ ನರ್ಸಿಂಗ್ ಹೋಮಿನಲ್ಲಿ ಅವಳು ಆಯಾ ಆಗಿದ್ದವಳು. "ಸಿಸ್ಟ್ರಮ್ಮ, ಹುಲಿಗೆಮ್ಮ ನೆನಪದಾಳೇನ್ರಿ? ತೆಗೆಸ್ಬೇಕಂತ ಹೊಂಟಾಳಂತ. ಲಗೂನ ಬರ್ರಿ," ಅಂದಳು. ನಮ್ಮ ಕಡೆ ಹೆಣ್ಣುಮಗಳೊಬ್ಬಳು ‘ತೆಗೆಸ್ಬೇಕು’ ಅಂದಳೆಂದರೆ ಏನನ್ನು ಎಂದು ಯಾರೂ ಕೇಳುವುದಿಲ್ಲ. ಬಸಿರು ಇಳಿಸಲು ಹೊರಟಿದ್ದಾಳೆ ಎಂದು ಎಲ್ಲರಿಗೂ ತಿಳಿಯುತ್ತದೆ. ನನಗೂ ಹಾಗೇ ತಿಳಿಯಿತು.

ಹುಲಿಗೆಮ್ಮ ಯಾರೆಂದು ಮೊದಲೇ ಹೇಳಿಬಿಡುತ್ತೇನೆ. ಆ ನರ್ಸಿಂಗ್ ಹೋಮಿನ ಹೆಸರು ಹೇಳುವುದಿಲ್ಲ, ಕೇಳಲೂಬೇಡಿ. ಅಲ್ಲಿ ನಾನು ಹತ್ತೊಂಬತ್ತು ವರ್ಷ ದುಡಿದೆ. ಗರ್ಭಪಾತ ಎಂಬ ಮಾತು ಅಲ್ಲಿ ಯಾರ ಬಾಯಲ್ಲೂ ಬರುತ್ತಿರಲಿಲ್ಲ. ‘ಕ್ಲೀನ್’ ಅನ್ನುತ್ತಿದ್ದೆವು. "ಇವತ್ತ ಎರಡು ಕ್ಲೀನ್ ಅದಾವ" ಅಂದರೆ ಟ್ರೇ ಸಿದ್ಧವಾಗಬೇಕು. ಕಾಗದದ ಮೇಲೆ ಬೆರಳಿಟ್ಟು "ಇಲ್ಲಿ ಸಹಿ ಮಾಡವ್ವ" ಅನ್ನುವುದು, ಒಳಗೆ ಮಲಗಿಸಿ ಕೈ ಹಿಡಿದುಕೊಂಡು "ಏನಿಲ್ಲ, ಹೊಟ್ಟಿ ಕ್ಲೀನ್ ಮಾಡ್ತಾರ ಅಷ್ಟ" ಅನ್ನುವುದು ನನ್ನ ಕೆಲಸ. ಕೈ ಹಿಡಿಯುವುದರಲ್ಲಿ ನನ್ನ ಹೆಸರು ದೊಡ್ಡದಿತ್ತು.

ಹುಲಿಗೆಮ್ಮನನ್ನು ಅವಳ ಅತ್ತೆ ಕರೆದುಕೊಂಡು ಬಂದಿದ್ದಳು. ಹುಡುಗಿಗೆ ಇಪ್ಪತ್ತು ವರ್ಷ, ಸೊಂಟದ ಮೇಲೆ ಏಳು ತಿಂಗಳ ಹೆಣ್ಣು ಕೂಸು. ಎರಡನೆಯದು ಆಗಲೇ ನಿಂತಿತ್ತು. ನಾನು ಬೆರಳಿಟ್ಟೆ, ಅವಳು ಸಹಿ ಮಾಡಿದಳು. ನಾನು ಕೈ ಹಿಡಿದೆ, ಕೆಲಸ ಮುಗಿಯಿತು. ಒಂದೂವರೆ ತಿಂಗಳಾದ ಮೇಲೆ ಒಬ್ಬಳೇ ಬಂದು, ಔಷಧಿ ಕೊಡುವ ಕಿಟಕಿಯ ಹತ್ತಿರ ನನ್ನನ್ನು ಪಕ್ಕಕ್ಕೆ ಕರೆದು ಮೆಲ್ಲಗೆ ಕೇಳಿದಳು: "ಸಿಸ್ಟ್ರಮ್ಮ, ಹೊಟ್ಟಿ ಕ್ಲೀನ್ ಆತಲ್ರಿ. ಮತ್ತ ಕೂಸು ಯಾಕ ಬೆಳೀವಲ್ದು?"

ಕಾಳು ತುಂಬುವ ಮೊದಲು ಡಬ್ಬಿ ತೊಳೆಯುವಂತೆ, ಕೂಸು ಚೆನ್ನಾಗಿ ಬೆಳೆಯಲೆಂದು ಹೊಟ್ಟೆ ತೊಳೆದಿದ್ದಾರೆ ಅಂದುಕೊಂಡಿದ್ದಳು. ಹೋದ ರಕ್ತವನ್ನು ಕೊಳೆ ಅಂದುಕೊಂಡಿದ್ದಳು. ನಾವು ಹೇಳಿದ್ದನ್ನು ನಾವು ಹೇಳಿದ ಹಾಗೇ ನಂಬಿದ್ದಳು, ಅಷ್ಟೇ. ಮುಂದಿನ ತಿಂಗಳು ನಾನು ಕೆಲಸ ಬಿಟ್ಟೆ.

ಅಂದಿನಿಂದ ಊರೂರು ತಿರುಗುತ್ತಿದ್ದೇನೆ. ಅಂಗನವಾಡಿ ಇರಲಿ, ಗುಡಿಯ ಕಟ್ಟೆ ಇರಲಿ, ನಾಲ್ಕು ಹೆಂಗಸರು ಕೂತಲ್ಲಿ ಕೂತು ತೆಗೆಸಬೇಡಿ ಅನ್ನುತ್ತೇನೆ. ಒಳಗಿರುವುದು ಕೂಸು ಅನ್ನುತ್ತೇನೆ. ಕಾನೂನು ಇದೆ, ಯಾವಾಗ ಮಾಡಬಹುದು ಯಾವಾಗ ಮಾಡಬಾರದು ಎಂದು ನನಗೂ ಗೊತ್ತು. ಕಾನೂನು ಬಿಟ್ಟದ್ದನ್ನೆಲ್ಲ ಮನಸ್ಸೂ ಬಿಡಬೇಕೆಂದು ಎಲ್ಲಿ ಬರೆದಿದೆ? ತಾಯಿಯ ಜೀವಕ್ಕೇ ಕುತ್ತು ಬಂದಾಗ ಡಾಕ್ಟರರ ಮಾತು ಕೇಳಿ ಎನ್ನುವವಳೂ ನಾನೇ. ಉಳಿದ ಕಡೆ ಜಗ್ಗುವುದಿಲ್ಲ. ನಮ್ಮ ಮಾಳಿಗೆಯ ಮೇಲಿನ ಎರಡು ಕೋಣೆಗಳಲ್ಲಿ ಹೆರಿಗೆಯವರೆಗೆ ಯಾರು ಬೇಕಾದರೂ ಇರಬಹುದು, ಇದ್ದಾರೆ. ನನ್ನ ಹಳೆಯ ಡಾಕ್ಟರರು "ಆಕಿಗೆ ತಲಿ ಕೆಟ್ಟೈತಿ" ಎಂದು ಪೇಟೆಯಲ್ಲೆಲ್ಲ ಹೇಳುತ್ತಾರೆ. ಹೇಳಿಕೊಳ್ಳಲಿ. ಹತ್ತೊಂಬತ್ತು ವರ್ಷ ಕೆಟ್ಟಿದ್ದು ಈಗ ನೆಟ್ಟಗಾಗಿದೆ.

ಎಲ್ಲ ಕಡೆಯೂ ಹುಲಿಗೆಮ್ಮನ ಕಥೆ ಹೇಳುತ್ತೇನೆ, ಹೆಸರು ಹೇಳದೆ. ಆಕೆಯ ಪ್ರಶ್ನೆಗೆ ಬಂದು ನಿಲ್ಲಿಸುತ್ತೇನೆ. ಹೆಂಗಸರು ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತಾರೆ. ನಾನು ಏನು ಉತ್ತರ ಕೊಟ್ಟೆ ಎಂದು ಯಾರೂ ಕೇಳಿಲ್ಲ, ನಾನೂ ಹೇಳಿಲ್ಲ. ಈಗ ಅವಳೇ ಮತ್ತೆ ತೆಗೆಸಲು ಹೊರಟಿದ್ದಾಳೆ ಎಂದರೆ ನನ್ನ ಆರು ವರ್ಷ ಹೊಳೆಗೆ ಹಾಕಿದಂತೆಯೇ. ಏನಾದರೂ ಸರಿ, ತಡೆಯಲೇಬೇಕೆಂದು ಬಸ್ಸಿನಲ್ಲಿ ಕೂತಿದ್ದೆ.

ಹೊಸಪೇಟೆಯಿಂದ ಸಂಡೂರು ಮೂವತ್ತು ಕಿಲೋಮೀಟರಿನ ಆಸುಪಾಸು. ಅದಿರಿನ ಲಾರಿಗಳ ಹಿಂದೆ ಬಿದ್ದರೆ ಒಂದೂಕಾಲು ತಾಸು. ಕಿಟಕಿಯ ಗಾಜು ಮುಚ್ಚಿದರೆ ಸೆಕೆ, ತೆಗೆದರೆ ಕೆಂಪು ಧೂಳು. ಇಳಿಯುವಷ್ಟರಲ್ಲಿ ನನ್ನ ಬಿಳಿ ಸೀರೆಯ ಅಂಚು ಕುಂಕುಮದ ಬಣ್ಣಕ್ಕೆ ತಿರುಗಿತ್ತು. ನಿಲ್ದಾಣದ ಎದುರಿನ ಅಂಗಡಿಯಲ್ಲಿ ಮಂಡಕ್ಕಿಯ ವಗ್ಗರಣಿ, ಎರಡು ಮಿರ್ಚಿ ಬಜ್ಜಿ ತಿಂದೆ. ಜಗಳಕ್ಕೆ ಹೋಗುವಾಗ ಹಸಿದುಕೊಂಡು ಹೋಗಬಾರದು ಎಂಬುದು ನನ್ನ ನಿಯಮ.

ಹುಲಿಗೆಮ್ಮನ ಅತ್ತೆ ದುರುಗಮ್ಮ ಬಾಗಿಲಲ್ಲೇ ಅಕ್ಕಿ ಆರಿಸುತ್ತ ಕೂತಿದ್ದಳು. ನನ್ನ ಗುರುತು ಹಿಡಿಯಲು ಅರೆಗಳಿಗೆ ಬೇಕಾಯಿತು.

"ಓಹೋ, ಸಿಸ್ಟ್ರು. ಬರ್ರಿ, ಕುಂದ್ರಿ. ಮತ್ಯಾರ್ನ ಕ್ಲೀನ್ ಮಾಡಾಕ ಬಂದ್ರಿ?"

"ತಡಿಯಾಕ ಬಂದೀನಿ ಅಕ್ಕಾ. ಸೊಸಿ ಎಲ್ಲದಾಳ?"

"ನೀವು ತಡಿಯೋರು." ಮೊರವನ್ನು ಪಕ್ಕಕ್ಕಿಟ್ಟಳು. "ಹೇಳೋದು ಆಚಾರ, ತಿನ್ನೋದು ಬದನಿಕಾಯಿ. ಅವತ್ತು ಕೈ ಹಿಡಕೊಂಡೋರು ಯಾರು? ಸೊಂಟದ ಮ್ಯಾಲ ಹಸಿಕೂಸು ಇತ್ತು, ನನ್ನ ಮಗ ಲಾರಿ ಮ್ಯಾಲ ಹೋದಾಂವ ಎರಡು ತಿಂಗಳು ಮಕ ತೋರ್ಸಿರಲಿಲ್ಲ. ನಾನು ಇನ್ನೇನು ಮಾಡ್ಲಿ? ಹೊಟ್ಟಿಗಿಲ್ದೋಳು ನಾನು ತೆಗೀರಿ ಅಂದೆ, ಓದಿದೋರು ನೀವು ಹೂಂ ಅಂದ್ರಿ."

ಅವಳು ಅಂದದ್ದೆಲ್ಲ ನಿಜ. ಆದರೂ ಎದ್ದು ಬರಲಿಲ್ಲ. "ನಾನು ಮಾಡಿದ್ದು ತಪ್ಪ. ಅದಕ್ಕ ಇನ್ನೊಂದು ಆಗಬಾರ್ದು ಅಂತ ಬಂದೀನಿ. ಎಲ್ಲದಾಳ ಹೇಳ್ರಿ," ಅಂದೆ.

"ಏನ್ ತೆಗೆಸ್ತಾಳೋ, ಏನ್ ಬಿಡ್ತಾಳೋ, ನನ್ನ ಕೂಡ ಆಕಿ ಮಾತು ಬಿಟ್ಟು ವಾರಾತು. ಕಡ್ಡಿರಾಂಪುರಕ್ಕ, ಅಕ್ಕನ ಮನಿಗೆ ಹೋಗ್ಯಾಳ. ಮಗಳನ್ನೂ ಕರ್ಕೊಂಡು ಹೋಗ್ಯಾಳ." ಆಮೇಲೆ ನೀರು ತಂದುಕೊಟ್ಟಳು. ಎಷ್ಟೇ ಸಿಟ್ಟಿದ್ದರೂ ಬಿಸಿಲಲ್ಲಿ ಬಂದವರಿಗೆ ನೀರು ಕೊಡದೆ ಕಳಿಸುವ ಜನವಲ್ಲ ನಮ್ಮದು.

ಅದೇ ಧೂಳಿನಲ್ಲಿ ಹೊಸಪೇಟೆಗೆ ವಾಪಸು ಬಂದು ಹಂಪಿಯ ಬಸ್ಸು ಹತ್ತಿದೆ. ಬಸ್ಸಿನ ತುಂಬ ಬೆನ್ನಿಗೆ ದೊಡ್ಡ ಚೀಲ ಹೊತ್ತ ಪ್ರವಾಸಿಗರು. ನಾನು ಕಡ್ಡಿರಾಂಪುರದಲ್ಲಿ ಇಳಿದಾಗ ಮಧ್ಯಾಹ್ನ ಒಂದೂವರೆ. ಹುಲಿಗೆಮ್ಮನ ಅಕ್ಕ ಹಂಪಮ್ಮ ರಸ್ತೆಯ ಬದಿಯಲ್ಲೇ ಊಟದ ಅಂಗಡಿ ಇಟ್ಟಿದ್ದಾಳೆ. ತಗಡಿನ ಮಾಡು, ನಾಲ್ಕು ಮೇಜು, ಅನ್ನ, ಸಾರು, ಜೋಳದ ರೊಟ್ಟಿ, ಪರದೇಶದವರಿಗೆ ಬಾಳೆಹಣ್ಣಿನ ದೋಸೆಯೂ ಉಂಟು. ನಾನು ಯಾರೆಂದು ಹೇಳಿದ ಕೂಡಲೇ ಅವಳ ಮುಖ ಬಿಗಿಯಿತು. "ತಂಗಿ ಹಂಪಿಗೆ ಹೋಗ್ಯಾಳ. ಗುಡಿಯಾಗ ಇರ್ತಾಳ ನೋಡ್ರಿ," ಅಂದಳು.

ಆಟೋ ಹಿಡಿದು ಹೋದೆ. ವಿರೂಪಾಕ್ಷನ ಗುಡಿಯಲ್ಲಿ ಹೊರಗಿನ ಅಂಗಳ, ಒಳಗಿನ ಅಂಗಳ, ದೇವಿಯರ ಗುಡಿ ಎಲ್ಲ ಸುತ್ತಿದೆ. ಕಾದ ಕಲ್ಲಿನ ಮೇಲೆ ಬರಿಗಾಲಲ್ಲಿ ಓಡುವುದು ಐವತ್ತಾರರ ವಯಸ್ಸಿಗೆ ಶೋಭೆಯಲ್ಲ. ಆದರೂ ಓಡಿದೆ. ಹೊಳೆಯ ಮೆಟ್ಟಿಲಿನವರೆಗೂ ಹೋಗಿ ನೋಡಿದೆ. ಕೂಸು ಎತ್ತಿಕೊಂಡ ಎಷ್ಟೋ ಹೆಂಗಸರಿದ್ದರು, ಹುಲಿಗೆಮ್ಮ ಇರಲಿಲ್ಲ. ಹಂಪಿ ನೋಡಲು ದೇಶದೇಶದಿಂದ ಜನ ಬರುತ್ತಾರೆ. ನಾನು ಅವತ್ತು ಹಂಪಿಯಲ್ಲಿ ನೋಡಿದ್ದು ಹೆಂಗಸರ ಮುಖಗಳನ್ನು ಮಾತ್ರ. ಮಂಟಪದ ನೆರಳಲ್ಲಿ ಕೂತು ರೊಟ್ಟಿ ತಿನ್ನುವಾಗ ಹೊಳೆಯಿತು, ಹಂಪಮ್ಮ ನನ್ನನ್ನು ಸಾಗಹಾಕಿದ್ದಳು.

ನಾಲ್ಕು ಗಂಟೆಗೆ ಮತ್ತೆ ಅವಳ ಅಂಗಡಿಯಲ್ಲಿ ಹೋಗಿ ಕೂತೆ.

"ಮತ್ತ ಬಂದ್ರೇನು?" ಅಂದಳು.

"ನಾಳೆನೂ ಬರ್ತೀನಿ, ನಾಡಿದ್ದೂ ಬರ್ತೀನಿ. ಚಾ ಕೊಡವ್ವ."

ಚಹಾ ಕೊಟ್ಟು ಎದುರಿಗೆ ಕೂತಳು. ಗಿರಾಕಿಗಳಿರಲಿಲ್ಲ. "ನೋಡ್ರಿ ಸಿಸ್ಟ್ರಮ್ಮ, ನಿಮ್ಮ ಭಾಷಣ ನಾನು ಕಮಲಾಪುರದಾಗ ಕೇಳೀನಿ. ನಾನೂ ಒಮ್ಮೆ ತೆಗೆಸೀನಿ. ಗಂಡ ಬಿಟ್ಟು ಹೋಗಿದ್ದ, ಇದ್ದ ಎರಡಕ್ಕ ಹಾಕಾಕ ಕೂಳಿರಲಿಲ್ಲ. ತೆಗೆಸಿದೆ, ದುಡಿದೆ, ಅಂಗಡಿ ಇಟ್ಟೆ. ನನಗ ಅಳು ಬಂದಿಲ್ಲ, ಇವತ್ತಿಗೂ ಬರಲ್ಲ. ನೀವು ಹಂಗ ಹೇಳ್ತಿದ್ರ ನನ್ನಂಥೋರು ಡಾಕ್ಟ್ರ ಕಡೆ ಹೋಗೋದು ಬಿಟ್ಟು ಎಲ್ಲೋ ನಾಟಿ ಔಷಧ ತಿಂದು ಸಾಯ್ತಾರ. ಅದು ನಿಮಗ ಬೇಕೇನು?"

ಈ ಮಾತನ್ನು ದೊಡ್ಡ ದೊಡ್ಡ ಓದಿದವರೂ ನನಗೆ ಹೇಳಿದ್ದಾರೆ. ಅವರ ಬಾಯಲ್ಲಿ ಕೇಳಿದಾಗ ಸಿಟ್ಟು ಬರುತ್ತಿತ್ತು. ಹಂಪಮ್ಮನ ಬಾಯಲ್ಲಿ ಕೇಳಿದಾಗ ಸಂಕಟವಾಯಿತು. ಸುಮ್ಮನೆ ಯಾಕೆ ಸುಳ್ಳು ಹೇಳಲಿ?

"ಬ್ಯಾಡವ್ವ. ನಿನಗ ಕೂಳಿಲ್ಲದಾಗ ನಾನು ಬಂದಿರಲಿಲ್ಲ, ಅದು ಖರೆ. ಆಗ ನಾನೂ ಟ್ರೇ ಹಿಡಕೊಂಡು ನಿಂತಿದ್ದೆ. ಆದ್ರ ನಿನ್ನ ಕಷ್ಟ ದೊಡ್ಡದು ಅಂದ್ರ ಆ ಕೂಸು ಸಣ್ಣದು ಅಂತ ಆಗಲ್ಲ. ಯಾರ ಕೈನೂ ನಾನು ಹಿಡಿದು ಎಳೆದಿಲ್ಲ, ಎಳಿಯೋದೂ ಇಲ್ಲ. ಹೇಳೋದು ಮಾತ್ರ ಬಿಡೋದಿಲ್ಲ. ನೀ ಬೈದ್ರೂ ಬಿಡಲ್ಲ."

"ಭಾಳ ಹಟ ನಿಮ್ಮದು," ಅಂದಳು ಹಂಪಮ್ಮ. ನನ್ನ ಖಾಲಿ ಲೋಟ ತೆಗೆದುಕೊಂಡು ಎದ್ದಳು. ಒಲೆಯ ಕಡೆ ಮುಖ ಮಾಡಿಕೊಂಡು, "ಕಂಪ್ಲಿಗೆ ಹೋಗ್ಯಾಳ. ಅಲ್ಲಿ ಒಬ್ರು ಲೇಡಿ ಡಾಕ್ಟ್ರು ಅದಾರ. ನಾಳೆ ಮುಂಜಾನೆ ತೆಗೀತಾರಂತ. ಹೋಗಿ ನೋಡ್ರಿ. ನಿಮಗ ಏನ್ ಹೇಳ್ಬೇಕೋ ಅದನ್ನ ಆಕಿನ ಹೇಳ್ತಾಳ," ಅಂದಳು. ಆ ಕೊನೆಯ ಮಾತನ್ನು ನಾನು ಅವತ್ತು ಬೆದರಿಕೆ ಎಂದುಕೊಂಡೆ.

ಆ ದಿನ ಕಮಲಾಪುರದಲ್ಲಿ ನಮ್ಮ ಚಿಕ್ಕಮ್ಮನ ಮಗಳ ಮನೆಯಲ್ಲಿ ಉಳಿದು, ಬೆಳಿಗ್ಗೆ ಏಳರ ಬಸ್ಸಿಗೆ ಕಂಪ್ಲಿಗೆ ಹೊರಟೆ. ಈ ದಾರಿಯಲ್ಲಿ ಧೂಳಿಲ್ಲ. ಎರಡೂ ಕಡೆ ಬಾಳೆ, ಕಬ್ಬು, ಕಾಲುವೆಯ ನೀರು ನಿಂತ ಭತ್ತದ ಗದ್ದೆ. ಬೆಳಗಿನ ಗಾಳಿ ತಣ್ಣಗಿತ್ತು. ಕಬ್ಬಿನ ಟ್ರ್ಯಾಕ್ಟರುಗಳ ಹಿಂದೆ ನಿಂತು ನಿಂತು ಕಂಪ್ಲಿ ಮುಟ್ಟಲು ಒಂದು ತಾಸು ಹಿಡಿಯಿತು. ದಾರಿಯುದ್ದಕ್ಕೂ ಹುಲಿಗೆಮ್ಮನಿಗೆ ಏನು ಹೇಳಬೇಕೆಂದು ಬಾಯಿಪಾಠ ಮಾಡಿಕೊಂಡೆ. ಪಕ್ಕದಲ್ಲಿ ಕೂತವನು ನನ್ನ ತುಟಿ ಅಲ್ಲಾಡುವುದು ನೋಡಿ, ಮಂತ್ರ ಹೇಳುತ್ತಿದ್ದೇನೆಂದು ತಿಳಿದು ಸ್ವಲ್ಪ ಸರಿದು ಕೂತ.

ಆಸ್ಪತ್ರೆ ಚಿಕ್ಕದು. ಅಂಗಳದಲ್ಲಿ ಬೇವಿನ ಮರ, ಅದರ ಕೆಳಗೆ ಸಿಮೆಂಟಿನ ಬೆಂಚು. ಹುಲಿಗೆಮ್ಮ ಒಬ್ಬಳೇ ಕೂತಿದ್ದಳು. ಪಕ್ಕದಲ್ಲಿ ಏಳು ವರ್ಷದ ಮಗಳು ಬಿಸ್ಕತ್ತು ತಿನ್ನುತ್ತಿದ್ದಳು. ಅಂದು ಸೊಂಟದ ಮೇಲಿದ್ದ ಕೂಸು ಅದೇ. ಹುಲಿಗೆಮ್ಮನ ಮುಖ ತೆಳ್ಳಗಾಗಿತ್ತು, ಕಣ್ಣು ಗಟ್ಟಿಯಾಗಿದ್ದವು.

ಅವಳು ಬಾಯಿ ತೆರೆಯುವ ಮೊದಲೇ ನಾನು ಶುರು ಮಾಡಿದೆ. ತೆಗೆಸಬೇಡ ಅಂದೆ. ನನ್ನ ಮನೆಗೆ ಬಾ, ಹೆರಿಗೆ ನಾನು ನೋಡಿಕೊಳ್ಳುತ್ತೇನೆ, ಗಂಡ ಅತ್ತೆ ಯಾರು ಏನೇ ಅನ್ನಲಿ ನಾನು ನಿಲ್ಲುತ್ತೇನೆ ಅಂದೆ. ಒಂದು ಹೋಯಿತು, ಇನ್ನೊಂದು ಹೋಗುವುದು ಬೇಡ ಅಂದೆ. ಹೇಳುತ್ತ ಹೇಳುತ್ತ ಅತ್ತುಬಿಟ್ಟೆ. ಅವಳು ಎಲ್ಲ ಕೇಳಿದಳು.

"ಮುಗೀತೇನ್ರಿ?" ಅಂದಳು. "ಸಿಸ್ಟ್ರಮ್ಮ, ನಾನು ಬಸಿರಿಲ್ಲ. ವಂಕಿ ತೆಗೆಸಾಕ ಬಂದೀನಿ."

ವಂಕಿ ಎಂದರೆ ತೋಳಿನ ಒಡವೆಯಲ್ಲ. ಮಕ್ಕಳು ಬೇಗ ಬೇಗ ಆಗಬಾರದೆಂದು ಒಳಗೆ ಇಡುವ ಕಾಪರ್-ಟಿಗೆ ನಮ್ಮ ಹೆಂಗಸರು ಮೊದಲಿನಿಂದ ಹೇಳುವ ಹೆಸರು. ಬೆಂಚಿನ ತುದಿಯಲ್ಲಿ ಕೂತೆ.

"ಆರು ವರ್ಷಾತು, ಇನ್ನೊಂದು ಕೂಸಾಗ್ಲಿ ಅಂತ ಹುಲಿಗಿ ಗುಡಿಗೆ ಹೋಗೀನಿ, ದರ್ಗಾಕ್ಕ ಹೋಗೀನಿ, ಕಂಡಕಂಡ ಬೇರು ಕುಡಿದೀನಿ. ಹೋದ ತಿಂಗಳು ಇಲ್ಲಿ ಸ್ಕ್ಯಾನ್ ಮಾಡಿ ನೋಡಿ, ‘ವಂಕಿ ಐತಲ್ಲಮ್ಮ, ಕೂಸು ಹೆಂಗ ಆಗ್ತದ?’ ಅಂದ್ರು. ನಮ್ಮ ಅತ್ತಿಗೂ ಗೊತ್ತಿಲ್ಲಂತ. ಅವತ್ತು ಕ್ಲೀನ್ ಮಾಡಿದ್ರಲ್ಲ, ಅವತ್ತ ಹಾಕಿದ್ದೇನ್ರಿ?"

"ಹೂಂ."

"ನಿಮಗ ಗೊತ್ತಿತ್ತೇನ್ರಿ?"

ಹತ್ತೊಂಬತ್ತು ವರ್ಷದಲ್ಲಿ ನನ್ನನ್ನು ಯಾರೂ ಹೀಗೆ ನೇರ ಕೇಳಿರಲಿಲ್ಲ. ನಮ್ಮ ಡಾಕ್ಟರರಿಗೆ ಒಂದೇ ಸಲಕ್ಕೆ ಎರಡೂ ಕೆಲಸ ಮುಗಿಸುವ ರೂಢಿ. ನಾನು ಬೆರಳಿಟ್ಟ ಆ ಕಾಗದದಲ್ಲಿ ಅದೂ ಬರೆದಿತ್ತು, ಓದಿ ಹೇಳಬೇಕಾದವಳು ನಾನು. ಹೇಳಿರಲಿಲ್ಲ. ಶಾಂತಮ್ಮ ‘ತೆಗೆಸ್ಬೇಕಂತ’ ಅಂದಾಗ ವಂಕಿ ನನ್ನ ತಲೆಗೆ ಹೊಳೆಯಲೇ ಇಲ್ಲವಲ್ಲ, ಯಾಕೆ? ಕುಂಬಳಕಾಯಿ ಕಳ್ಳ ಹೆಗಲು ಮುಟ್ಟಿ ನೋಡಿಕೊಳ್ಳುತ್ತಾನಂತೆ. ನಾನು ಆರು ವರ್ಷ ಹೆಗಲನ್ನೇ ನೋಡಿಕೊಂಡಿರಲಿಲ್ಲ.

"ಗೊತ್ತಿತ್ತು ಹುಲಿಗೆಮ್ಮ. ಡಾಕ್ಟ್ರ ಕೈಗೆ ವಂಕಿ ಕೊಟ್ಟೋಳು ನಾನ."

"ಮತ್ತ ನಾನು ಬಂದು ಕೂಸು ಯಾಕ ಬೆಳೀವಲ್ದು ಅಂತ ಕೇಳ್ದಾಗ ಏನ್ ಅಂದ್ರಿ, ನೆನಪೈತೇನು?"

ನೆನಪಿತ್ತು. ಎಲ್ಲಿಯೂ ಹೇಳದೆ ಬಿಟ್ಟ ಉತ್ತರ ಅದೇ. "ಆಗ್ತದವ್ವ, ಸೈರಣಿ ಇರ್ಲಿ ಅಂದೆ. ಕಬ್ಬಿಣದ ಗುಳಿಗಿ ಕೊಟ್ಟು ಕಳಿಸ್ದೆ."

"ಮೂವತ್ತು ಗುಳಿಗಿ," ಅಂದಳು. "ಎಲ್ಲಾ ನುಂಗಿದೆ, ಕೂಸಿಗೆ ಅಂತ." ಕಣ್ಣಲ್ಲಿ ನೀರಿರಲಿಲ್ಲ, ಸಿಟ್ಟಿತ್ತು. "ನೀವು ಊರೂರು ತಿರುಗಿ ನನ್ನ ಕಥಿ ಹೇಳ್ತೀರಂತ. ನಮ್ಮಕ್ಕ ಕೇಳ್ಯಾಳ, ಹೆಸರಿಲ್ದಿದ್ರೂ ಗುರ್ತು ಹಿಡದಾಳ. ಜನ ಅಳ್ತಾರಂತ. ಹೇಳೋಕಿಂತ ಮೊದ್ಲು ನನ್ನ ಒಮ್ಮೆ ಕೇಳಿದ್ರೇನು? ಬಂದು ಹುಲಿಗೆಮ್ಮ, ಹಿಂಗಾತು, ನಿನ್ನ ಹೊಟ್ಟ್ಯಾಗ ಇದೈತಿ ಅಂತ ನನಗೊಬ್ಬಾಕಿಗೆ ಹೇಳಿದ್ರೇನು?"

ಅದಕ್ಕೆ ಯಾವ ಸಬೂಬೂ ಸಾಲದು. ತಪ್ಪಾಯಿತು ಅಂದೆ. ಹೆದರಿದ್ದೆ ಅಂದೆ.

ಅಷ್ಟರಲ್ಲಿ ಒಳಗಿನಿಂದ ಚಿಕ್ಕ ವಯಸ್ಸಿನ ನರ್ಸೊಬ್ಬಳು ಬಂದು, "ರಿಮೂವಲ್ ಕೇಸ್ ಯಾರ್ರಿ?" ಅಂದಳು. ಹುಲಿಗೆಮ್ಮ ಎದ್ದಳು. ನಾನು ಬೆಂಚಿನಲ್ಲೇ ಉಳಿದೆ. ನಾಲ್ಕು ಹೆಜ್ಜೆ ಹೋಗಿ ತಿರುಗಿದಳು.

"ನೀವೂ ಬರ್ರಿ. ಈ ಸಲ ಕೈ ಹಿಡಿಯೋದು ಬ್ಯಾಡ. ಅವರು ಏನ್ ಅಂತಾರ, ಅದರ ಅರ್ಥ ನನಗ ಹೇಳ್ರಿ."

ಹೋದೆ. ಒಂದು ಕಾಗದ ಕೊಟ್ಟರು. ಮೇಲಿನ ಸಾಲಿನಿಂದ ಕೆಳಗಿನ ಸಾಲಿನವರೆಗೆ ಓದಿದೆ, ಒಂದೊಂದಕ್ಕೂ ಏನೆಂದು ಹೇಳಿದೆ. ಎರಡು ಕಡೆ ಅವಳು "ಇನ್ನೊಮ್ಮೆ ಹೇಳ್ರಿ" ಅಂದಳು, ಇನ್ನೊಮ್ಮೆ ಹೇಳಿದೆ. ಎಲ್ಲಿ ಸಹಿ ಮಾಡಬೇಕೆಂದು ನಾನು ಬೆರಳಿಡಲಿಲ್ಲ, ಅವಳೇ ಹುಡುಕಿ ಮಾಡಿದಳು. ಡಾಕ್ಟರಮ್ಮನಿಗೆ ಅವಸರವಿತ್ತು, ಆದರೂ ಕಾದರು. ಕೆಲಸ ಐದು ನಿಮಿಷದ್ದು. ಮುಗಿದ ಮೇಲೆ ಹುಲಿಗೆಮ್ಮ ಟ್ರೇ ತೋರಿಸಿ ಎಂದು ಕೇಳಿದಳು. ಬೆರಳಿನಷ್ಟೂ ಇಲ್ಲದ ಪ್ಲಾಸ್ಟಿಕ್ ಕಡ್ಡಿ, ಸುತ್ತ ಕಪ್ಪಾದ ತಾಮ್ರದ ತಂತಿ. "ಇಷ್ಟೇನು?" ಅಂದಳು.

ಹೊರಗೆ ಬಂದು ಮಗಳ ಕೈ ಹಿಡಿದುಕೊಂಡಳು. "ನಿಮ್ಮನ್ನ ಕ್ಷಮಾ ಮಾಡೀನಿ ಅಂತ ತಿಳ್ಕಬ್ಯಾಡ್ರಿ," ಅಂದಳು.

"ತಿಳ್ಕಂಡಿಲ್ಲವ್ವ. ಕಥಿ ಇನ್ನ ಹೇಳ್ಬ್ಯಾಡ ಅಂದ್ರ ಇವತ್ತಿಗೆ ನಿಲ್ಲಿಸ್ತೀನಿ. ತಿರುಗೋದು ಮಾತ್ರ ನಿಲ್ಲಿಸಲ್ಲ."

ಮಗಳ ಬಾಯಿಗಂಟಿದ ಬಿಸ್ಕತ್ತಿನ ಪುಡಿಯನ್ನು ಸೆರಗಿನಿಂದ ಒರೆಸಿದಳು. "ಹೇಳ್ರಿ. ಅರ್ಧಾ ಹೇಳ್ಬ್ಯಾಡ್ರಿ. ಗುಳಿಗಿ ಕೊಟ್ಟಿದ್ದೂ ಹೇಳ್ರಿ." ತನ್ನ ಹೆಸರು ಬರೆಯಬೇಡಿ ಎಂದೂ ಅಂದಳು. ಹುಲಿಗೆಮ್ಮ ಎಂಬುದು ಅವಳೇ ಆರಿಸಿ ಕೊಟ್ಟ ಹೆಸರು. ಉಳಿದವರ ಹೆಸರುಗಳನ್ನೂ ನಾನು ಬದಲಿಸಿದ್ದೇನೆ.

ಹನ್ನೊಂದರ ಬಸ್ಸಿಗೆ ಹೊಸಪೇಟೆಯ ಕಡೆ ಹೊರಟೆ. ಆಸ್ಪತ್ರೆಯ ಮುಂದೆ ಬಸ್ಸು ಹಾದಾಗ ತಿರುಗಿ ನೋಡಿದೆ. ಬೇವಿನ ಕೆಳಗಿನ ಬೆಂಚು ಖಾಲಿಯಿತ್ತು. ನನ್ನ ಪಕ್ಕದಲ್ಲಿ ಒಬ್ಬ ಬಸುರಿ ಹುಡುಗಿ ಕೂತಿದ್ದಳು, ಜೊತೆಗೆ ಅವಳ ತಾಯಿ. ಮಾತಿಗೆ ಮಾತು ಬಂದು ತಾಯಿ, "ಎಲ್ಲಿಗೆ ಹೋಗಿದ್ರಿ ಅಕ್ಕಾ, ಏನ್ ಕೆಲಸ ಮಾಡ್ತೀರಿ?" ಎಂದು ಕೇಳಿದಳು. ನನ್ನ ಕಥೆಯನ್ನು ಎಲ್ಲಿಂದ ಶುರು ಮಾಡಬೇಕೆಂಬುದು ನನಗೆ ಆರು ವರ್ಷದ ರೂಢಿ. ಅದನ್ನು ಬಿಟ್ಟೆ.

"ಒಬ್ಬ ಹುಡುಗಿ ನನ್ನ ನಂಬಿ ಒಂದು ಮಾತು ಕೇಳಿದ್ಳು," ಅಂದೆ. "ನಾನು ಆಕಿಗೆ ಮೂವತ್ತು ಕಬ್ಬಿಣದ ಗುಳಿಗಿ ಕೊಟ್ಟು ಕಳಿಸ್ದೆ."